ವೇಧಶಾಲೆ ಎಂಬ ಹೆಸರಿನ ಋಣ

ಕಳೆದ ತಿಂಗಳು ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಮನೆಗೆ ಬಂದಿದ್ದ. ಈಗ ಅವನು ಸ್ಥಿತಿವಂತ. ಊರಾಚೆ ನಾಲ್ಕು ಎಕರೆ ಜಮೀನು ಕೊಂಡು ಅಲ್ಲಿ 'ಕಾಲಶಕ್ತಿ ವೇಧಶಾಲೆ' ಎಂಬುದೊಂದನ್ನು ಕಟ್ಟಿಸುವ ಸಂಕಲ್ಪ ಮಾಡಿದ್ದಾನೆ. ದಿವ್ಯಶಕ್ತಿಯ ತರಂಗಗಳನ್ನೂ ಕಾಲದ ಪ್ರವಾಹವನ್ನೂ ಅಲ್ಲಿ ಅಳೆಯಲಾಗುವುದಂತೆ. ಮುದ್ರಿಸಿ ತಂದಿದ್ದ ವಿಜ್ಞಾಪನಾಪತ್ರದ ಮುಖಪುಟದಲ್ಲಿ ಜಯಪುರದ ಜಂತರ್ ಮಂತರ್‌ನ ಚಿತ್ರವಿತ್ತು. ಒಳಗೆ ಬೆರಳ ತುದಿಯ ಸುತ್ತ ನೀಲಿ ಪ್ರಭೆ ಕಾಣುವ 'ಪ್ರಭಾವಳಿ' ಛಾಯಾಚಿತ್ರ. ಶಿಲಾನ್ಯಾಸಕ್ಕೆ ನಾನೇ ಬರಬೇಕು, ವಿಜ್ಞಾನ ಕಲಿಸಿದ ಗುರುಗಳು ನೀವು ಎಂದು ಪಾದ ಮುಟ್ಟಿದ. ಆ ಕ್ಷಣ 'ಇಲ್ಲ' ಎನ್ನುವುದು ನನ್ನಿಂದಾಗಲಿಲ್ಲ. ಯೋಚಿಸಿ ತಿಳಿಸುತ್ತೇನೆ ಎಂದೆ. ಯೋಚಿಸಿದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಪ್ರಭಾವಳಿಯ ಮಾತು ಬೇಗ ಮುಗಿಯುತ್ತದೆ. 1939ರಲ್ಲಿ ರಷ್ಯಾದ ಕಿರ್ಲಿಯನ್ ಕಂಡುಕೊಂಡ ಈ ವಿಧಾನದಲ್ಲಿ ಅಧಿಕ ವೋಲ್ಟೇಜಿನ ವಿದ್ಯುತ್ತು ವಸ್ತುವಿನ ಅಂಚಿನಿಂದ ಗಾಳಿಗೆ ಸೋರುವಾಗ ಬೆಳಕು ಹೊಮ್ಮುತ್ತದೆ. ಬೆರಳು ಬೆವರಿದ್ದರೆ ಚಿತ್ರ ಬದಲಾಗುತ್ತದೆ. ಲೋಹದ ನಾಣ್ಯಕ್ಕೂ ಅಂಥದೇ ಪ್ರಭೆ ಬರುತ್ತದೆ. ನಾಣ್ಯಕ್ಕೆ ಆತ್ಮಶಕ್ತಿ ಇದೆಯೆಂದು ಯಾರೂ ವಾದಿಸಲಾರರು, ಹಣದ ಶಕ್ತಿಯ ಮಾತು ಬೇರೆ!

ನನ್ನನ್ನು ನೋಯಿಸಿದ್ದು ಮುಖಪುಟದ ಚಿತ್ರ. ಸವಾಯಿ ಜಯಸಿಂಹನು 1724ರ ಸುಮಾರಿಗೆ ದೆಹಲಿಯಲ್ಲಿ ಮೊದಲ ವೇಧಶಾಲೆಯನ್ನು ಕಟ್ಟಿಸಿದ. ಮುಂದೆ ಜಯಪುರ, ಉಜ್ಜಯಿನಿ, ಮಥುರಾ, ವಾರಾಣಸಿಗಳಲ್ಲಿಯೂ ಕಟ್ಟಿಸಿದ. ಮಥುರೆಯದು ಈಗ ಉಳಿದಿಲ್ಲ. ಜಯಪುರದ್ದು 2010ರಲ್ಲಿ ವಿಶ್ವ ಪರಂಪರೆಯ ತಾಣವಾಯಿತು. 'ಜಂತರ್' ಎಂದರೆ ಯಂತ್ರ, ಅಂದರೆ ಉಪಕರಣ, ತಾಯಿತದೊಳಗಿನ ಯಂತ್ರವಲ್ಲ. ಈ ಎರಡು ಅರ್ಥಗಳ ಗೊಂದಲದ ಮೇಲೆಯೇ ನನ್ನ ಶಿಷ್ಯನ ಕಟ್ಟಡ ಏಳಲಿದೆ.

ಅಲ್ಲಿನ ಸಮ್ರಾಟ್ ಯಂತ್ರವನ್ನು ನೋಡಿದವರಿಗೆ ಅದರ ಗಾತ್ರವೇ ವಿಸ್ಮಯ. ಸುಮಾರು 27 ಮೀಟರ್ ಎತ್ತರದ ಆ ಇಳಿಜಾರು ಗೋಡೆ ಜಯಪುರದ ಅಕ್ಷಾಂಶಕ್ಕೆ ಸಮನಾಗಿ 27 ಡಿಗ್ರಿ ಓರೆಯಾಗಿ, ಭೂಮಿಯ ಅಕ್ಷಕ್ಕೆ ಸಮಾನಾಂತರವಾಗಿ ನಿಂತಿದೆ. ಬೆಳಿಗ್ಗೆ ನೆರಳು ಪಶ್ಚಿಮದ ಕಮಾನಿನ ಮೇಲೆ, ಮಧ್ಯಾಹ್ನದ ನಂತರ ಪೂರ್ವದ ಕಮಾನಿನ ಮೇಲೆ. ಸೆಕೆಂಡಿಗೆ ಸುಮಾರು ಒಂದು ಮಿಲಿಮೀಟರಿನಂತೆ ನೆರಳು ಸರಿಯುವುದು ಕಣ್ಣಿಗೇ ಕಾಣುತ್ತದೆ. ಅಳತೆಯ ಗೆರೆಗಳು ಎರಡು ಸೆಕೆಂಡಿನವರೆಗೂ ಸೂಕ್ಷ್ಮ. ಆದರೆ ಸೂರ್ಯಬಿಂಬ ಅರ್ಧ ಡಿಗ್ರಿಯಷ್ಟು ಅಗಲವಿರುವುದರಿಂದ ನೆರಳಿನ ಅಂಚು ಹಲವು ಸೆಂಟಿಮೀಟರುಗಳಷ್ಟು ಮಸುಕಾಗಿರುತ್ತದೆ. ಎರಡು ಸೆಕೆಂಡಿನ ಗೆರೆ ಕೆತ್ತಿದಷ್ಟು ಸುಲಭವಲ್ಲ ಅದನ್ನು ಓದುವುದು. ಹೀಗೆ ತನ್ನ ದೋಷವನ್ನು ತಾನೇ ತೋರುವ ಉಪಕರಣವಿದು.

ಜಯಸಿಂಹ ನಾಸ್ತಿಕನಲ್ಲ, ಅಶ್ವಮೇಧ ಮಾಡಿದ ಅರಸ. ಜ್ಯೋತಿಷ್ಯದಲ್ಲಿಯೂ ಅವನಿಗೆ ಶ್ರದ್ಧೆಯಿತ್ತು. ಆದರೆ ಪೋರ್ಚುಗಲ್ಲಿಗೆ ಕಳುಹಿಸಿದ ನಿಯೋಗ ತಂದ ದ ಲಾ ಹೀರ್‌ನ ಕೋಷ್ಟಕಗಳನ್ನು ತನ್ನ ವೇಧಗಳೊಡನೆ ಹೋಲಿಸಿ, ಚಂದ್ರನ ಸ್ಥಾನದಲ್ಲಿ ಅರ್ಧ ಡಿಗ್ರಿಯ ಅಂತರವಿದೆ ಎಂದು ಬರೆದಿಟ್ಟ. ಆಕಾಶ ಒಪ್ಪದಿದ್ದರೆ ಯಾವ ಗ್ರಂಥವೂ ತಪ್ಪಾಗಬಹುದು ಎಂಬ ಈ ಧೈರ್ಯಕ್ಕೇ ವೇಧಶಾಲೆಯ ಹೆಸರು ಸಲ್ಲುತ್ತದೆ. ಶಿಷ್ಯನನ್ನು ನಾನು ಕೇಳಿದ್ದು ಒಂದೇ: ನಿನ್ನ ಶಾಲೆಯಲ್ಲಿ ಏನು ಕಂಡರೆ 'ಇಲ್ಲಿ ಶಕ್ತಿ ಇಲ್ಲ' ಎಂದು ಬರೆಯುತ್ತೀಯೆ? ಅವನು ನಕ್ಕು, ಅನುಭವವನ್ನು ಹಾಗೆಲ್ಲ ಪರೀಕ್ಷಿಸಬಾರದು ಸಾರ್ ಎಂದ. ಹಾಗಾದರೆ ಧ್ಯಾನಮಂದಿರ ಕಟ್ಟಿಸು, ನಾನೂ ಬಂದು ಕೂರುತ್ತೇನೆ. ಮನಸ್ಸಿನ ಶಾಂತಿಗೆ ಮಾಪಕದ ಹಂಗಿಲ್ಲ. ಅಳೆಯುತ್ತೇವೆಂದು ಹೇಳಿ ಕಾಣಿಕೆ ಪಡೆದ ಮೇಲೆ ಮಾತ್ರ ಅಳೆಯಲೇಬೇಕಾಗುತ್ತದೆ. ಪತ್ರದ ಕೊನೆಯ ಪುಟದಲ್ಲಿ 'ಆಜೀವ ಸದಸ್ಯತ್ವ'ದ ದರಗಳೂ ಇದ್ದವು. ರೋಗಿಗಳಿಗೆ ರಿಯಾಯಿತಿ ಎಂಬ ಸಾಲನ್ನು ಓದಿ ನನಗೆ ಆ ರಾತ್ರಿ ನಿದ್ರೆ ಬರಲಿಲ್ಲ.

ಕಾಲದ ರಹಸ್ಯ ಬೇಕೆಂದರೆ ಅದಕ್ಕೆ ನಾಲ್ಕು ಎಕರೆ ಬೇಡ. ಮೈಸೂರು ಸೀಮೆಯ ನಮ್ಮ ಶಾಲೆಯ ಅಂಗಳದಲ್ಲಿ ಮಕ್ಕಳಿಂದ ಕೋಲು ನೆಡಿಸಿ ನೆರಳು ಅತ್ಯಂತ ಗಿಡ್ಡವಾಗುವ ಹೊತ್ತನ್ನು ಗುರುತಿಸುತ್ತಿದ್ದೆ. ಫೆಬ್ರವರಿ ನಡುವಿನಲ್ಲಿ ಅದು ಸುಮಾರು 12 ಗಂಟೆ 37 ನಿಮಿಷಕ್ಕೆ. ನವೆಂಬರ್ ಮೊದಲಲ್ಲಿ 12 ಗಂಟೆ 7 ನಿಮಿಷಕ್ಕೆ. ನಮ್ಮ ಗಡಿಯಾರ 82.5 ಡಿಗ್ರಿ ರೇಖಾಂಶದ ಸಮಯ ತೋರುತ್ತದೆ, ನಾವು ಅದರ ಪಶ್ಚಿಮಕ್ಕಿದ್ದೇವೆ. ಜೊತೆಗೆ ಭೂಮಿಯ ಕಕ್ಷೆ ದೀರ್ಘವೃತ್ತ, ಅಕ್ಷ ಓರೆ. ಇಷ್ಟರಿಂದಲೇ ನಡುಹಗಲು ವರ್ಷವಿಡೀ ಹಿಂದು ಮುಂದಾಗುತ್ತದೆ. ಒಮ್ಮೆ ಕೋಲು ಹಿಡಿದ ಹುಡುಗ, 'ಸಾರ್, ತಪ್ಪಿದ್ದು ಗಡಿಯಾರವೋ ಸೂರ್ಯನೋ?' ಎಂದು ಕೇಳಿದ್ದ. ನನ್ನ ಮೂವತ್ತು ವರ್ಷಗಳ ವೃತ್ತಿಯಲ್ಲಿ ಕೇಳಿದ ಉತ್ತಮ ಪ್ರಶ್ನೆಗಳಲ್ಲಿ ಅದೊಂದು. ಕೇಳಿದವನು ಈ ಶಿಷ್ಯನೇ.

ಶಿಲಾನ್ಯಾಸಕ್ಕೆ ಬರಲಾರೆ ಎಂದು ಅವನಿಗೆ ಕಾಗದ ಬರೆದಿದ್ದೇನೆ. ಸದಸ್ಯತ್ವದ ಪುಟವನ್ನು ತೆಗೆದುಹಾಕಿ, ಆ ಜಮೀನಿನಲ್ಲಿ ಸುತ್ತಲಿನ ಹಳ್ಳಿಯ ಮಕ್ಕಳಿಗಾಗಿ ಒಂದು ನೆರಳು ಗಡಿಯಾರ ಕಟ್ಟಿಸುವುದಾದರೆ ಅಕ್ಷಾಂಶದ ಲೆಕ್ಕ ಮಾಡಿಕೊಡಲು ಬರುತ್ತೇನೆಂದೂ ಸೇರಿಸಿದ್ದೇನೆ. ಹದಿನೈದು ದಿನಗಳಾದವು, ಉತ್ತರ ಬಂದಿಲ್ಲ.