ಅದು ಕಾಡುಹಕ್ಕಿಯಲ್ಲ ಸ್ವಾಮಿ, ಫಾರಂ ಕೋಳಿ!

ಇಂಗ್ಲೆಂಡಿಗೆ ಬಂದ ಕನ್ನಡಿಗರೆಲ್ಲ ಒಂದಲ್ಲ ಒಂದು ದಿನ ಬರೆದೇ ಬರೆಯುವ ಬರಹವೊಂದಿದೆ. ಹಳ್ಳಿಗಾಡಿನ ರಸ್ತೆ, ಎರಡೂ ಬದಿ ಹಸಿರು ಬೇಲಿ, ಕಾರಿನೆದುರು ಗತ್ತಿನಿಂದ ರಸ್ತೆ ದಾಟುವ ಉದ್ದ ಬಾಲದ ತಾಮ್ರ ಬಣ್ಣದ ಹಕ್ಕಿ. ಕೆಂಪು ಮುಖ, ಕತ್ತಿಗೊಂದು ಬಿಳಿ ಪಟ್ಟಿ. ಜೊತೆಗೊಂದು ಫೋಟೋ. ಕೊನೆಗೆ "ನೋಡಿ, ಇಲ್ಲಿ ಕಾಡುಹಕ್ಕಿಗಳು ಎಷ್ಟು ನಿರ್ಭಯವಾಗಿ ಓಡಾಡಿಕೊಂಡಿವೆ, ನಮ್ಮಲ್ಲಾಗಿದ್ರೆ ಇಷ್ಟೊತ್ತಿಗೆ ಸಾರಾಗಿರ್ತಿತ್ತು" ಅಂತ ನಿಟ್ಟುಸಿರು. ನಾನೂ ಬಂದ ಹೊಸದರಲ್ಲಿ ಹೀಗೇ ಬರೆದಿದ್ದೆ, ಅಮ್ಮನಿಗೆ ಫೋನ್ ಮಾಡಿಯೂ ಹೇಳಿದ್ದೆ. ಹಾಗಾಗಿ ಯಾರ ಮೇಲೂ ಕೋಪವಿಲ್ಲ. ಆದರೆ ಆ ಮಾತು ಶುದ್ಧ ತಪ್ಪು, ಅದನ್ನು ಇವತ್ತು ಹೇಳಿಯೇ ಬಿಡ್ತೀನಿ.

ಆ ಹಕ್ಕಿಯ ಹೆಸರು ಫೆಸೆಂಟ್. ಅದು ನಿಮಗೆ ಹೆದರದೇ ಇರೋದು ಇಲ್ಲಿನ ಜನ ಸಾಧುಗಳು ಅಂತ ಅಲ್ಲ. ಇನ್‌ಕ್ಯುಬೇಟರಿನಲ್ಲಿ ಹುಟ್ಟಿ, ಶೆಡ್ಡಿನಲ್ಲಿ ಬೆಳೆದು, ಮನುಷ್ಯ ಹಾಕಿದ ಕಾಳು ತಿಂದು, ಬೇಸಿಗೆಯ ಕೊನೆಗೆ ಕಾಡಿಗೆ ಬಿಟ್ಟ ಕೋಳಿ ಅದು. ಬಿಡೋದು ಯಾಕೆ? ಅಕ್ಟೋಬರ್ 1ರಿಂದ ಫೆಬ್ರವರಿ 1ರವರೆಗೆ ಕೋವಿ ಹಿಡಿದು ಹೊಡೆಯೋದಕ್ಕೆ. ಅದೂ ಎಷ್ಟು? ಬ್ರಿಟನ್ನಿನಲ್ಲಿ ವರ್ಷಕ್ಕೆ 3 ಕೋಟಿಗೂ ಹೆಚ್ಚು, ಕೆಲವರ ಅಂದಾಜಿನಲ್ಲಿ 4.7 ಕೋಟಿ. 2011ರ ಜನಗಣತಿಯಲ್ಲಿ ಇಡೀ ಕರ್ನಾಟಕದ ಜನಸಂಖ್ಯೆಯೇ 6.1 ಕೋಟಿ ಇತ್ತು, ಹೋಲಿಸಿಕೊಳ್ಳಿ. ಮೊಟ್ಟೆ, ಮರಿಗಳು ಸಾಕಷ್ಟು ಫ್ರಾನ್ಸಿನಿಂದ ಬರ್ತವೆ. 2022ರಲ್ಲಿ ಅಲ್ಲಿ ಹಕ್ಕಿಜ್ವರ ಬಂದು ಸರಬರಾಜು ನಿಂತಾಗ ಇಲ್ಲಿನ ಎಷ್ಟೋ ಶಿಕಾರಿ ಎಸ್ಟೇಟುಗಳು ಆ ವರ್ಷದ ಬೇಟೆಯನ್ನೇ ಕೈಬಿಡಬೇಕಾಯ್ತು. ಆಮದು ನಿಂತರೆ ನಿಂತೇ ಹೋಗುವ "ಕಾಡುಪ್ರಾಣಿ" ಇನ್ನೆಲ್ಲಾದರೂ ಇದೆಯಾ ಹೇಳಿ!

ನಾನು ಮಲೆನಾಡಿನವನು. ಕೋವಿ, ಈಡು, ಚರೆ, ಹಳು ಸೋವುವುದು ಇವೆಲ್ಲ ಅಜ್ಜನ ಬಾಯಲ್ಲಿ ಕೇಳಿ ಬೆಳೆದವನು. ಶಿಕಾರಿ ಅಂದ ಕೂಡಲೇ ಮೂಗು ಮುರಿಯುವ ಜಾತಿ ನನ್ನದಲ್ಲ. ಆದರೆ ಅಜ್ಜನ ಕಥೆಯಲ್ಲಿ ಹತ್ತು ಸಲ ಹೋದರೆ ಒಂಬತ್ತು ಸಲ ಬರಿಗೈ. ಇಲ್ಲಿ ಹಾಗಲ್ಲ. ಆಳುಗಳು ಪೊದೆ ಬಡಿಯುತ್ತಾ ಹಕ್ಕಿಗಳನ್ನು ಎಬ್ಬಿಸಿ ಸಾಲಾಗಿ ನಿಂತ ದೊರೆಗಳ ತಲೆಯ ಮೇಲೆ ಹಾರಿಸ್ತಾರೆ, ದುಡ್ಡು ಕೊಟ್ಟವರು ಹೊಡೀತಾರೆ. 1913ರ ಡಿಸೆಂಬರಿನಲ್ಲಿ ಐದನೇ ಜಾರ್ಜ್ ಅರಸ ಮತ್ತು ಸಂಗಡಿಗರು ಒಂದೇ ದಿನದಲ್ಲಿ 3,900ಕ್ಕೂ ಹೆಚ್ಚು ಫೆಸೆಂಟ್ ಉರುಳಿಸಿದರು. ಸ್ವಲ್ಪ ಅತಿಯಾಯ್ತೇನೋ ಅಂತ ಅರಸನಿಗೇ ಅನ್ನಿಸಿತಂತೆ. ಈಗ ಬಿಟ್ಟ ಹಕ್ಕಿಗಳಲ್ಲಿ ಗುಂಡಿಗೆ ಸಿಗೋದು ಅರ್ಧಕ್ಕಿಂತ ಕಡಿಮೆ. ಉಳಿದವು ನರಿಗೆ, ಕಾರಿನ ಚಕ್ರಕ್ಕೆ, ರೋಗಕ್ಕೆ.

"ಇದು ನಮ್ಮ ಪರಂಪರೆ ಕಣಯ್ಯ" ಅಂದ ಆಫೀಸಿನ ಒಬ್ಬ ಹಿರಿಯ ಸಹೋದ್ಯೋಗಿ. ಯಾರ ಪರಂಪರೆ? ಈ ಹಕ್ಕಿಯ ಹೆಸರಲ್ಲೇ ಅದರ ಊರಿದೆ. ಫಾಸಿಸ್ ಅಂತ ಗ್ರೀಕರು ಕರೆದ ನದಿ, ಇವತ್ತಿನ ಜಾರ್ಜಿಯಾ ದೇಶದ ರಿಯೋನಿ. ಅದರ ದಡದ ಕೊಲ್ಕಿಸ್ ಸೀಮೆಯ ಹೆಸರು ವೈಜ್ಞಾನಿಕ ನಾಮದ ಎರಡನೇ ಭಾಗದಲ್ಲಿದೆ. ಕಾಕಸಸ್‌ನಿಂದ ಮಧ್ಯ ಏಷ್ಯಾ ದಾಟಿ ಚೀನಾ, ಕೊರಿಯಾದವರೆಗೆ ಇದರ ತವರು. ನಾವು ಫೋಟೋದಲ್ಲಿ ಮೆಚ್ಚುವ ಆ ಬಿಳಿ ಕತ್ತುಪಟ್ಟಿ ಚೀನಾ ಕಡೆಯ ತಳಿಯದ್ದು, 18ನೇ ಶತಮಾನದಲ್ಲಿ ತಂದು ಬೆರೆಸಿದ್ದು. ಬ್ರಿಟನ್ನಿಗೆ ಫೆಸೆಂಟ್ ಬಂದು ಸಾವಿರ ವರ್ಷದ ಹತ್ತಿರ ಆಗಿದೆ, ಒಪ್ಪುತ್ತೇನೆ. ಆದರೆ ಕೋಟಿಗಟ್ಟಲೆ ಸಾಕಿ ಸುರಿಯುವುದು ಸಾವಿರ ವರ್ಷದ ಪದ್ಧತಿಯಲ್ಲ.

ಅಮೆರಿಕದವರು ಇನ್ನೂ ಒಂದು ಹೆಜ್ಜೆ ಮುಂದೆ. ಶಾಂಘೈನಲ್ಲಿ ಅಮೆರಿಕದ ಕಾನ್ಸಲ್ ಆಗಿದ್ದ ಓವನ್ ಡೆನ್ನಿ 1880ರ ದಶಕದ ಆರಂಭದಲ್ಲಿ ಒರೆಗಾನಿಗೆ ಫೆಸೆಂಟ್ ಕಳಿಸಿದ. 1943ರ ಹೊತ್ತಿಗೆ ಸೌತ್ ಡಕೋಟಾ ರಾಜ್ಯ ಈ ಚೀನೀ ಹಕ್ಕಿಯನ್ನು ತನ್ನ ರಾಜ್ಯಪಕ್ಷಿ ಮಾಡಿಕೊಂಡಿತು! ಅತ್ತ ಇಲಿನಾಯ್‌ನಲ್ಲಿ ಈ ಅತಿಥಿ ಅಲ್ಲಿನ ಮೂಲನಿವಾಸಿ ಪ್ರೇರಿ ಕೋಳಿಯ ಗೂಡಿನಲ್ಲಿ ಮೊಟ್ಟೆ ಇಡತೊಡಗಿತು. ಫೆಸೆಂಟ್ ಮೊಟ್ಟೆ ಒಂದೆರಡು ದಿನ ಮೊದಲೇ ಒಡೆಯುತ್ತೆ. ಪಾಪ, ಆ ತಾಯಿ ಬೇರೆಯವರ ಮರಿ ಹಿಂದೆ ಹೊರಟುಹೋದರೆ ಸ್ವಂತ ಮೊಟ್ಟೆಗಳು ತಣ್ಣಗಾಗುತ್ತವೆ. ಕೋಗಿಲೆ-ಕಾಗೆ ಕಥೆ ನಮಗೆ ಗೊತ್ತು, ಆದರೆ ಅವೆರಡೂ ಒಂದೇ ಊರಿನವು, ಸಾವಿರಾರು ವರ್ಷದ ಪರಿಚಯ.

ಬ್ರಿಟನ್ನಿನ ಲೆಕ್ಕ ಇನ್ನೂ ವಿಚಿತ್ರ. 2021ರಲ್ಲಿ ಪ್ರಕಟವಾದ ಒಂದು ಅಧ್ಯಯನದ ಪ್ರಕಾರ ಆಗಸ್ಟ್ ತಿಂಗಳಲ್ಲಿ ಈ ದೇಶದ ಎಲ್ಲ ಬಯಲುಹಕ್ಕಿಗಳನ್ನು ತಕ್ಕಡಿಗೆ ಹಾಕಿದರೆ ಸುಮಾರು ಅರ್ಧ ತೂಕ ಫೆಸೆಂಟ್ ಮತ್ತು ಕೆಂಪುಕಾಲಿನ ಕೌಜುಗ, ಈ ಎರಡು ಪರದೇಶಿಗಳದ್ದೇ. ಅಷ್ಟು ಬಾಯಿಗಳು ಹುಳು, ಹಲ್ಲಿ, ಎಳೆ ಗಿಡ ಎಲ್ಲವನ್ನೂ ಕುಕ್ಕುತ್ತವೆ. ಕಾನೂನು ಮಾತ್ರ ಭಾರೀ ಚಾಲಾಕಿ: ಸಾಕುವಾಗ ಅದು ಜಾನುವಾರು, ಬಿಟ್ಟ ಗಳಿಗೆಯಿಂದ ಕಾಡುಹಕ್ಕಿ. ಆಮೇಲೆ ನಿಮ್ಮ ತೋಟ ಕೆದರಿದರೂ ಕಾರಿಗೆ ಡಿಕ್ಕಿ ಹೊಡೆದರೂ ಯಜಮಾನ ಯಾರೂ ಇಲ್ಲ. ಕೋರ್ಟಿನವರೆಗೆ ಹೋದ ಮೇಲೆ, 2021ರಿಂದ ಇಂಗ್ಲೆಂಡಿನ ಮುಖ್ಯ ರಕ್ಷಿತ ತಾಣಗಳ ಒಳಗೆ ಮತ್ತು ಸುತ್ತ 500 ಮೀಟರಿನಲ್ಲಿ ಬಿಡಲು ಪರವಾನಗಿ ಬೇಕು ಅಂತಾಯ್ತು. 500 ಮೀಟರ್! ಫೆಸೆಂಟಿಗೆ ಕಾಲಿದೆ, ರೆಕ್ಕೆಯೂ ಇದೆ ಸ್ವಾಮಿ.

ಶಿಕಾರಿಯವರ ಪರವಾಗಿ ಒಂದು ಮಾತು ನಿಜ, ಅದನ್ನು ಮುಚ್ಚಿಡಲ್ಲ. ಹಕ್ಕಿ ನಿಲ್ಲಲಿ ಅಂತ ಅವರು ತೋಪು, ಬೇಲಿ ಉಳಿಸಿದ್ದಾರೆ, ಚಳಿಗಾಲದಲ್ಲಿ ಹಾಕುವ ಕಾಳು ಸಣ್ಣ ಹಕ್ಕಿಗಳಿಗೂ ಸಿಗುತ್ತೆ. ಡಕೋಟಾದಲ್ಲೂ ಫೆಸೆಂಟ್ ನೆಪದಲ್ಲಿ ಹುಲ್ಲುಗಾವಲು ಉಳಿದಿದೆ. ಆದರೆ ತೋಪು ಉಳಿಸೋದಕ್ಕೆ ಅದರೊಳಗೆ ಸೀಸದ ಚರೆ ಬಿತ್ತಲೇಬೇಕಾ? ಐದು ವರ್ಷದಲ್ಲಿ ಸೀಸ ಬಿಡ್ತೀವಿ ಅಂತ ಶಿಕಾರಿ ಸಂಘಗಳು 2020ರಲ್ಲಿ ಮಾತು ಕೊಟ್ಟವು. ವರ್ಷ ವರ್ಷ ಅಂಗಡಿಯ ಫೆಸೆಂಟ್ ಕೊಯ್ದು ನೋಡಿದವರಿಗೆ ಸಿಕ್ಕಿದ್ದು ಬಹುಪಾಲು ಸೀಸವೇ. ಕೊನೆಗೆ 2025ರಲ್ಲಿ ಸರ್ಕಾರವೇ ನಿಷೇಧ ಘೋಷಿಸಬೇಕಾಯ್ತು.

ನನ್ನ ಹೊಟ್ಟೆ ಉರಿಯೋದು ಇದಕ್ಕಲ್ಲ. ಫೆಸೆಂಟ್ ಅಂದರೆ ಒಂದೇ ಹಕ್ಕಿಯಲ್ಲ, ದೊಡ್ಡ ಕುಟುಂಬ. ನಮ್ಮ ನವಿಲು, ಘಟ್ಟದ ಕಾಡುಕೋಳಿ ಅದರ ದಾಯಾದಿಗಳೇ. (ಆ ಕಾಡುಕೋಳಿ ಹುಂಜದ ಕತ್ತಿನ ಗರಿಗೂ ಇವರದೇ ಗಿರಾಕಿ! ಸಾಲ್ಮನ್ ಮೀನಿನ ಗಾಳಕ್ಕೆ ಕಟ್ಟೋದಕ್ಕೆ. ಭಾರತ ರಫ್ತು ನಿಲ್ಲಿಸಬೇಕಾಯ್ತು.) ಈ ಕುಟುಂಬದಲ್ಲೇ ಎಡ್ವರ್ಡ್ಸ್ ಫೆಸೆಂಟ್ ಅಂತ ಒಂದಿದೆ. ನೀಲಿ ಮೈ, ಬಿಳಿ ಜುಟ್ಟು, ಮಧ್ಯ ವಿಯೆಟ್ನಾಮಿನ ಕಾಡು ಬಿಟ್ಟರೆ ಪ್ರಪಂಚದಲ್ಲಿ ಬೇರೆಲ್ಲೂ ಅದಕ್ಕೆ ಮನೆಯಿಲ್ಲ. ಕಾಡು ಹೋಯ್ತು, ಉಳಿದ ಕಾಡಿನಲ್ಲಿ ತಂತಿ ಉರುಳು ಬಂತು. 2000ನೇ ಇಸವಿಯ ನಂತರ ಕಾಡಿನಲ್ಲಿ ಅದನ್ನು ಖಚಿತವಾಗಿ ಕಂಡವರೇ ಇಲ್ಲ. ಇರೋದೆಲ್ಲ ಮೃಗಾಲಯಗಳಲ್ಲಿ.

ಅದನ್ನು ಮತ್ತೆ ಕಾಡಿಗೆ ಬಿಡಬಹುದಲ್ಲ ಅಂತೀರಾ? ಅಷ್ಟು ಸುಲಭವಲ್ಲ. ಹಿಮಾಲಯದ ಚೀರ್ ಫೆಸೆಂಟನ್ನು ಇಸ್ಲಾಮಾಬಾದ್ ಪಕ್ಕದ ಮಾರ್ಗಲ್ಲಾ ಬೆಟ್ಟದಲ್ಲಿ ಮತ್ತೆ ನೆಲೆಗೊಳಿಸಲು ಬ್ರಿಟನ್ನಿನಿಂದಲೇ ಮೊಟ್ಟೆ ಕಳಿಸಿದರು, ಮರಿ ಮಾಡಿಸಿ ಬಿಟ್ಟರು. ಉಳಿಯಲಿಲ್ಲ. ಶೆಡ್ಡಿನಲ್ಲಿ ಬೆಳೆದ ಮರಿಗೆ ನರಿ ಯಾವುದು, ಗಿಡುಗ ಯಾವುದು ಅಂತ ಹೇಳಿಕೊಡೋರು ಯಾರು? ಗ್ರೀಸಿನ ನೆಸ್ಟೋಸ್ ನದಿಯ ಅಳಿವೆಯಲ್ಲಿ ಹಳೆಯ ಕೊಲ್ಕಿಸ್ ತಳಿಯ ಸಣ್ಣ ಗುಂಪೊಂದು ಸಹಜವಾಗಿ ಬದುಕಿದೆ. ಅದಕ್ಕಿರುವ ಅಪಾಯಗಳಲ್ಲೊಂದು ಏನು ಗೊತ್ತಾ? ಬೇಟೆಗೆ ಬಿಟ್ಟ ಫಾರಂ ಫೆಸೆಂಟುಗಳ ಜೊತೆ ಬೆರಕೆಯಾಗೋದು.

ಅಂದರೆ ಕೋಟಿಗಟ್ಟಲೆ ಮರಿ ಮಾಡಿಸುವ ವಿದ್ಯೆ, ಶೆಡ್ಡು, ದುಡ್ಡು, ಆಳು ಎಲ್ಲವೂ ಮನುಷ್ಯನ ಹತ್ತಿರ ಇದೆ. ಅದು ಖರ್ಚಾಗುತ್ತಿರುವುದು ಎಲ್ಲಿ ಹಕ್ಕಿ ಬೇಕಿಲ್ಲವೋ ಅಲ್ಲಿ, ಅದೂ ಕೊಲ್ಲೋದಕ್ಕೆ.

ನಿಮ್ಮ ಹಳೆಯ ಪೋಸ್ಟುಗಳಲ್ಲಿ ಆ ಫೋಟೋ ಇದ್ದರೆ ಇರಲಿ, ಚೆನ್ನಾಗೇ ಬಂದಿರುತ್ತೆ. ಕೆಳಗಿನ "ನಿರ್ಭಯ ಕಾಡುಹಕ್ಕಿ" ಅನ್ನೋ ಸಾಲು ಮಾತ್ರ ತೆಗೆದುಬಿಡಿ. ನನ್ನ ಪೋಸ್ಟಿನಲ್ಲಿ ನಿನ್ನೆ ರಾತ್ರಿ ತೆಗೆದೆ. ಅಮ್ಮನಿಗೆ ಇನ್ನೂ ಹೇಳಿಲ್ಲ, ಈ ಭಾನುವಾರ ಫೋನ್ ಮಾಡಿದಾಗ ಹೇಳಬೇಕು.