ಆಟ ಅರ್ಧಕ್ಕ ನಿಂತ್ರ ಹುಡುಗರಿಗೆ ಬೈಬ್ಯಾಡ್ರಿ

ಹೋದ ಐತವಾರ ಮುಂಜಾನೆ ಭಜನಿ ಮುಗಿಸಿ ಕೋಸಂಬರಿ ತಿನ್ಕೋತ ಕೂತಾಗ ಒಬ್ಬರು ಅಂದ್ರು, "ಆಟದ ನಡುವ ನೆಟ್ ಹೋದ್ರ ನನಗಂತೂ ಖುಷಿನ ಆಗ್ತದ ನೋಡ್ರಿ. ಹಂಗರೆ ನಮ್ಮ ಹುಡುಗ ಎದ್ದು ಊಟಕ್ಕ ಬರ್ತಾನ." ಎಲ್ಲಾರೂ ನಕ್ಕರು, ನಾನೂ ನಕ್ಕೆ. ಮನಿಗೆ ಬಂದ ಮ್ಯಾಲೆ ನಾ ನಗಬಾರದಿತ್ತು ಅನ್ನಿಸ್ತು. ಯಾಕಂದ್ರ ಇದ ನೆಟ್ ಹೋಗೋ ಸಲುವಾಗಿ ನಮ್ಮನ್ಯಾಗ ಅಣ್ಣ-ತಮ್ಮ ಒಂದೂವರಿ ತಿಂಗಳು ಮಾತ ಬಿಟ್ಟಿದ್ರು.

ನನ್ನ ಅಭಿಪ್ರಾಯ ಮೊದಲ ಹೇಳಿಬಿಡ್ತೀನಿ. ಮನಿ ನೆಟ್ಟು ಹುಡುಗರ ಕೆಲಸ, ಗಂಡಸರ ಕೆಲಸ ಅಂತ ನಾವು ಕೈ ಬಿಟ್ಟದ್ದು ತಪ್ಪು. ಸಿಲಿಂಡರ್ ಬದಲಿ ಮಾಡೋದು, ನೀರಿನ ಮೋಟರ್ ಹಚ್ಚೋದು ಹೆಂಗ ಗೊತ್ತದನೋ ಹಂಗ ಇದೂ ನಮಗ ಗೊತ್ತಿರಬೇಕು. ಮತ್ತ ಆಟ ನಿಂತಾಗ ಮನಷ್ಯಾರ ಮ್ಯಾಲೆ ತಪ್ಪು ಹೊರಿಸೋಕಿಂತ ಮೊದಲ ಲೈನ್ ನೋಡಬೇಕು.

ನಿಮಗೆಲ್ಲಾ ಗೊತ್ತದ, ದೊಡ್ಡಾಂವ ಜರ್ಮನಿಯೊಳಗ ಇದ್ದಾನ, ಸಣ್ಣಾಂವ ಇಲ್ಲೆ ಹುಬ್ಬಳ್ಳಿಯೊಳಗ ನಮ್ಮ ಜೋಡಿ. ಫೋನಿನಾಗ ಇಬ್ಬರದೂ ಎರಡ ಮಾತು. "ಆರಾಮ?" "ಆರಾಮ." ಮುಗೀತು, ಫೋನ್ ಅವ್ವನ ಕೈಗೆ. ಆದ್ರ ಐತವಾರ ರಾತ್ರಿ ಒಂಬತ್ತಕ್ಕ, ಅಲ್ಲೆ ಸಂಜಿ ಐದೂವರಿ ಇರ್ತದ, ಇಬ್ಬರೂ ಕಂಪ್ಯೂಟರ್ ಮುಂದ ಕೂತ್ರಂದ್ರ ಎರಡ ತಾಸು ಮಾತ ನಿಲ್ಲೂದಿಲ್ಲ. ಪುಣೆಯಿಂದ ನಮ್ಮ ಅಣ್ಣನ ಮಗಳೂ ಬರ್ತಾಳ. (ವೈನಿ, ನೀವು ಇದನ್ನ ಓದ್ತೀರಿ ಅಂತ ಗೊತ್ತದ. ಆಕಿಗೆ ಬೈಬ್ಯಾಡ್ರಿ. ಈ ಹಕೀಕತ್ತಿನಾಗ ಶಾಣ್ಯಾಕಿ ಅಂದ್ರ ಆಕಿನ.) ಆಟದ ನಡುವನ ಹೊಸಾ ಕೆಲಸದ ಮಾತು, ಅಲ್ಲಿ ಥಂಡಿ ಮಾತು, ಅಜ್ಜಿ ಮೊಣಕಾಲ ನೋವಿನ ಮಾತು ಎಲ್ಲಾ ಬರ್ತಾವ. ನಾ ಅಡಗಿಮನಿ ವರಸ್ಕೋತ ಕೇಳ್ತಿರ್ತೀನಿ. ದೊಡ್ಡಾಂವನ ಸುದ್ದಿ ನನಗ ತಿಳಿಯೋದು ಹೆಚ್ಚು ಹಂಗನ.

ಆಟ ಯಾವದಂದ್ರ ಏಜ್ ಆಫ್ ಎಂಪೈರ್ಸ್ ಎರಡನೇದು. 1999ರಾಗ ಬಂದದ್ದು, 2019ರಾಗ ಹೊಸಾ ರೂಪದಾಗ ಮತ್ತ ಬಂದದ. ಬರೇ ಬಡದಾಟ ಅಂತ ತಿಳಕೊಂಡಿದ್ದೆ. ಒಂದಿನ ಹಿಂದ ನಿಂತು ನೋಡಿದ್ರ, ಕುರಿ ತರೋದು, ಕಟಗಿ ಕಡಿಯೋದು, ಹೊಲ ಮಾಡೋದು, ಬಂಗಾರ-ಕಲ್ಲು ಅಗಿಯೋದು, ಮಂದಿಗೆ ಊಟಕ್ಕ ಕಡಿಮಿ ಬೀಳಧಂಗ ನೋಡ್ಕೊಳ್ಳೋದು. ಇದು ಸಂಸಾರನ ಅಲ್ಲೇನು! ಯುದ್ಧ ಆಮ್ಯಾಲೆ. ಮೂವರೂ ಒಂದ ಕಡೆ ಇದ್ದು ಕಂಪ್ಯೂಟರಿನ ವಿರುದ್ಧ ಆಡ್ತಾರ.

ಮಳಿಗಾಲ ಸುರು ಆದಾಗಿಂದ ಆಟ ನಡುವ ಜಗ್ಗಲಿಕ್ಕೆ ಹತ್ತಿತು. ಗೊಂಬಿಗಳು ನಡೀತ ನಡೀತ ನಿಂತುಬಿಡ್ತಿದ್ವು, ಆಮ್ಯಾಲೆ ನಮ್ಮಾಂವ ಆಟದಿಂದ ಹೊರಗ. ಮೂರ ವಾರ ಹಂಗ ಆತು. ನಾಕನೇ ವಾರ ಸೋಲೋ ಹೊತ್ತಿನಾಗ ಮತ್ತ ಹೊರಗ ಬಿದ್ದ. ದೊಡ್ಡಾಂವ ಅಂದ, "ಸೋಲ್ತೀ ಅಂತ ಗೊತ್ತಾದ ಕೂಡ್ಲೆ ವೈರ್ ಕೀಳ್ತೀ. ಅರ್ಧಕ್ಕ ಬಿಡೋದು ನಿನಗ ರೂಢಿನ ಅದ."

ಆಟದ ಮಾತಾಗಿದ್ರ ಯಾರೂ ಮನಸಿಗೆ ಹಚ್ಕೋತಿರಲಿಲ್ಲ. ಆದ್ರ ಸಣ್ಣಾಂವ ಎರಡ ವರ್ಷದ ಹಿಂದ ಇಂಜಿನಿಯರಿಂಗ್ ಅರ್ಧಕ್ಕ ಬಿಟ್ಟಾಂವ. ಆ ಮಾತು ಎಲ್ಲಿ ಹೋಗಿ ನಟ್ಟಿತು ಅಂತ ಕೇಳಿದ ನನಗ ಅಲ್ಲೇ ತಿಳೀತು. ಏನೂ ಅನಲಿಲ್ಲ ಅಂವ. ಹೆಡ್‌ಫೋನ್ ತಗದಿಟ್ಟು, ದೀಪ ಆರಿಸಿ ಮಲಕೊಂಡ. ಮುಂದಿನ ಐತವಾರ ಕಂಪ್ಯೂಟರ್ ಹಚ್ಚಲಿಲ್ಲ. ಅದರ ಮುಂದಿನದೂ ಇಲ್ಲ.

ಇನ್ನ ಸಲಹಾ ಕೊಡೋರಿಗೆ ಏನ ಕಡಿಮಿ? ಒಬ್ಬರು ದೊಡ್ಡ ಪ್ಲ್ಯಾನ್ ಹಾಕಿಸ್ರಿ ಅಂದ್ರು. ಮತ್ತೊಬ್ಬರು ಫೈರ್‌ವಾಲ್ ಬಂದ್ ಮಾಡ್ರಿ ಅಂದ್ರು. ನಮ್ಮನಿಯವರು, "ಛಲೋನ ಆತು ಬಿಡು, ಇನ್ನರೆ ಓದ್ಕೋತಾನ" ಅಂದ್ರು. ಫೈರ್‌ವಾಲ್ ಬಂದ್ ಮಾಡೋದಂದ್ರ, ಬೀಗರು ಬಾಗಲಾ ಬಡೀಲಾರದ ಒಳಗ ಬರಲಿ ಅಂತ ಬಾಗಲಾನ ಕಿತ್ತಿಡೋದು. ಬೀಗರ ಹೆಸರು ಬಾಗಲಕಾಯೋನಿಗೆ ಹೇಳಿದ್ರ ಸಾಕು, ಫೈರ್‌ವಾಲಿನ ಪಟ್ಟಿಯೊಳಗ ಆ ಒಂದ ಆಟಕ್ಕ ಪರವಾನಗಿ ಕೊಟ್ರ ಆತು.

ದೊಡ್ಡ ಪ್ಲ್ಯಾನಿನ ವಿಷಯಕ್ಕ ಅಣ್ಣನ ಮಗಳು ಹೇಳಿದ್ದು ಕೇಳಿ ನನಗ ಆಶ್ಚರ್ಯ ಆತು. ಈ ಆಟ ಮಾಡಿದವರು ಅದನ್ನ ಹಳೇ ಫೋನ್ ಲೈನಿನ ಮೋಡೆಮ್ಮಿಗೆ ಅಂತ ಮಾಡಿದ್ದು, ಸೆಕೆಂಡಿಗೆ 28.8 ಕಿಲೋಬಿಟ್. ನಮ್ಮನಿ ಪ್ಲ್ಯಾನ್ 100 ಎಂಬಿಪಿಎಸ್, ಅಂದ್ರ ಮೂರು ಸಾವಿರ ಪಟ್ಟಿಗಿಂತ ಜಾಸ್ತಿ. ಅಷ್ಟ ಸಣ್ಣ ಲೈನಿನಾಗ ನೂರಾರು ಸೈನಿಕರನ್ನ ಹೆಂಗ ನಡಸ್ತಿದ್ರು? ಸೈನಿಕರನ್ನ ಕಳಸೂದ ಇಲ್ಲ! ಎಲ್ಲಾರ ಕಂಪ್ಯೂಟರಿನಾಗೂ ಪೂರ್ತಿ ಆಟ ತನ್ನಷ್ಟಕ್ಕ ತಾನ ನಡದಿರ್ತದ. ಲೈನಿನ ಮ್ಯಾಲೆ ಹೋಗೋದು ಬರೇ ಅಪ್ಪಣಿ. "ಈ ಹತ್ತ ಮಂದಿ ಅಲ್ಲಿಗೆ ಹೋಗ್ರಿ" ಅಷ್ಟ. ನಾವು ಭಜನಿಯೊಳಗ "ಹದಿನಾಲ್ಕನೇ ಪುಟ" ಅಂತೀವಲ್ಲ, ಹಾಡು ಎಲ್ಲಾರ ಕೈಯಾಗಿನ ಪುಸ್ತಕದಾಗ ಇರ್ತದ, ಹೇಳೋದು ಪುಟದ ನಂಬರ್ ಒಂದ. ಅದಕ್ಕ ಒಬ್ಬರ ಪುಸ್ತಕ ಬ್ಯಾರೆ ಆವೃತ್ತಿದು ಇದ್ರ ರಾಗ ತಪ್ತದ. ಆಟದಾಗೂ ಎಲ್ಲಾರದೂ ಒಂದ ಆವೃತ್ತಿ ಇರಬೇಕು, ಮ್ಯಾಲಿಂದ ಹಾಕಿದ ಮಾಡ್ ಅವು ಇವು ಇದ್ರ ತಗದು ನೋಡಬೇಕು. ಇಲ್ಲಾಂದ್ರ "ಔಟ್ ಆಫ್ ಸಿಂಕ್" ಅಂತ ಬಂದು ಆಟ ನಿಲ್ತದ.

ಆದ್ರ ಹಿಂಗ ನಡಸ್ಲಿಕ್ಕೆ ಒಂದ ಕಟ್ಟಳಿ ಅದ. ಪಂಕ್ತಿಯೊಳಗ ಕೂತಾಗ ಕಡೀಕಿನ ಅಜ್ಜ ಮೊಸರನ್ನ ಮುಗಸೋತನಕ ಯಾರೂ ಏಳೂಹಂಗಿಲ್ಲ ಅಲ್ಲ, ಹಂಗ. ಒಬ್ಬರ ಅಪ್ಪಣಿ ಬರೋದು ತಡಾ ಆತಂದ್ರ ಎಲ್ಲಾರ ಆಟನೂ ಕಾಯ್ತದ. ಭಾಳ ತಡಾ ಆತಂದ್ರ ಆ ಒಬ್ಬರನ್ನ ಪಂಕ್ತಿಯಿಂದ ಎಬ್ಬಸ್ತದ. ಅಂದ ಮ್ಯಾಲೆ ಲೈನ್ ದೊಡ್ಡದಿರೋದು ಮುಖ್ಯ ಅಲ್ಲ, ಒಂದ ಸಮಾ ಇರೋದು ಮುಖ್ಯ. ಜರ್ಮನಿಗೆ ಹೋಗಿ ಬರ್ಲಿಕ್ಕೆ ನಮ್ಮ ಲೈನಿನಾಗ 150 ಮಿಲಿಸೆಕೆಂಡಿನ ಆಸುಪಾಸು ಹಿಡೀತದ. ಅದು ಕಾಯಂ ಇದ್ರ ಆಟಕ್ಕ ತ್ರಾಸ ಇಲ್ಲ. ಒಮ್ಮೆ 150, ಒಮ್ಮೆ 900 ಆದ್ರ ತ್ರಾಸ.

ಸಣ್ಣಾಂವ ಕಂಪ್ಯೂಟರ್ ಮುಟ್ಟಲಿಕ್ಕೆ ಒಲ್ಲೆ ಅಂದಿದ್ದಕ್ಕ ನಾನ ಕೂತೆ. ಅಣ್ಣನ ಮಗಳು ಫೋನಿನಾಗ ಹೇಳಿದಂಗ ಎರಡು ಕರೀ ಕಿಟಕಿ ತಗದೆ. ಒಂದರಾಗ ನಮ್ಮನಿ ರೌಟರಿಗೆ ಪಿಂಗ್ (ನಮ್ದು 192.168.1.1 ಅದ), ಇನ್ನೊಂದರಾಗ ಹೊರಗಿನ 8.8.8.8ಕ್ಕ, ಹಿಂದ ಒಂದ "-t" ಹಚ್ಚಿದ್ರ ನಿಲ್ಲಿಸೋತನಕ ನಡೀತದ. ರೌಟರಿನದ ಸಂಖ್ಯಾ ಕುಣೀಲಿಕ್ಕೆ ಹತ್ತಿದ್ರ ರೋಗ ಮನಿಯೊಳಗಿನ ವೈಫೈದು. ರೌಟರ್ ಶಾಂತ ಇದ್ದು ಹೊರಗಿನದು ಕುಣದ್ರ ರೋಗ ಅದರಾಚೆ. ಇಷ್ಟ ತಿಳಕೊಂಡ್ರ ಲೈನ್‌ಮನ್ ಬಂದು ಏನರೆ ಹೇಳಿ ಹೋಗಲಿಕ್ಕೆ ಆಗೂದಿಲ್ಲ.

ನಮ್ಮನ್ಯಾಗ ಮೊದಲ ದಿನ ರೌಟರಿನದ ಕುಣೀತಿತ್ತು. ಯಾಕ ಕುಣೀಬಾರದು? ಚಂದ ಕಾಣೂದಿಲ್ಲಂತ ನಾನ ಅದನ್ನ ಸ್ಟೀಲ್ ಕಪಾಟಿನಾಗ, ಬೆಳ್ಳಿ ಸಾಮಾನಿನ ಬಾಜೂಕ ಇಟ್ಟಿದ್ದೆ. ಕಬ್ಬಿಣದ ಪೆಟಗಿಯೊಳಗ ಕೂತು ಅದು ಯಾರಿಗೆ ಕೂಗಬೇಕು? ಹೊರಗ ಪಡಸಾಲಿ ಗ್ವಾಡಿಗೆ ಹಚ್ಚಿಸಿದೆ, ಅಲ್ಲಿಂದ ಅವನ ಕೋಲಿತನಕ ಹದಿನೈದು ಮೀಟರ್ ಕೇಬಲ್ ಎಳಸಿದೆ. ಹೊಸ್ತಲದ ಮ್ಯಾಲೆ ಹಾಯ್ದು ಹೋಗ್ಯದ, ರಂಗೋಲಿ ಹಾಕುವಾಗ ಕಾಲಿಗೆ ತೊಡರ್ತದ, ಇರಲಿ. ರೌಟರ್ ಶಾಂತ ಆತು.

ನಮ್ಮಲ್ಲಿ ಎರಡ ಡಬ್ಬಿ ಅವ, ಕಂಪನಿಯವರದೊಂದು, ಸಣ್ಣಾಂವ ತಂದದ್ದೊಂದು. ಎರಡೂ ರೌಟರ್ ಕೆಲಸಾನ ಮಾಡ್ತಿದ್ವು, ಚಾಳಿನೊಳಗ ಇನ್ನೊಂದು ಚಾಳ ಇದ್ದಂಗ. ಅಂಚಿಯವಗ ಯಾರ ಕೋಲಿ ಯಾವದು ತಿಳೀಬೇಕಲ್ಲ? ಒಂದನ್ನ ಬ್ರಿಜ್ ಮೋಡಿಗೆ ಹಾಕಿಸಿದ್ವಿ. ಖರೇ ಹೇಳಬೇಕಂದ್ರ ನಮ್ಮ ಆಟಕ್ಕ ಅದರಿಂದ ಏನೂ ಫರಕ ಆಗಲಿಲ್ಲ. 1999ರ ಹಳೇ ಸಿ.ಡಿ. ಹಾಕಿ ಆಡೋರಿಗೆ ಆಗ್ತದ, ಅದರಾಗ ಕಂಪ್ಯೂಟರ್‌ಗಳು ನೇರ ಮಾತಾಡ್ತಾವ, 47624 ಮತ್ತ 2300ರಿಂದ 2400ರತನಕ ಪೋರ್ಟ್ ತಗೀಬೇಕಾಗ್ತದ. ಅಂಥವರು ವಿಂಡೋಸ್ ಫೀಚರ್ಸ್ ಪಟ್ಟಿಯೊಳಗ ಲೆಗಸಿ ಕಾಂಪೊನೆಂಟ್ಸ್ ಅಂತ ಇರ್ತದ, ಅದರ ಕೆಳಗಿನ ಡೈರೆಕ್ಟ್‌ಪ್ಲೇಗೆ ಟಿಕ್ ಹಾಕ್ರಿ.

ಎಲ್ಲಾ ಆತು. ಸೋಮವಾರ ಛಲೋ, ಮಂಗಳವಾರ ಛಲೋ, ಶನಿವಾರನೂ ಛಲೋ. ಐತವಾರ ರಾತ್ರಿ ಒಂಬತ್ತಕ್ಕ ನೋಡಿದ್ರ ಹೊರಗಿನ ಕಿಟಕಿಯೊಳಗ 20 ಇದ್ದದ್ದು 700, 900, "ರಿಕ್ವೆಸ್ಟ್ ಟೈಮ್ಡ್ ಔಟ್". ಅಣ್ಣನ ಮಗಳು ಕೇಳಿದ್ಲು, "ಆತ್ಯಾ, ಐತವಾರ ಒಂಬತ್ತಕ್ಕ ಮನ್ಯಾಗ ಏನ ನಡೀತದ?" "ಏನಿಲ್ಲವಾ, ಊಟ ಆಗಿರ್ತದ. ನಾ ಫೋನ್ ಚಾರ್ಜಿಗೆ ಹಾಕ್ತೀನಿ, ಅಷ್ಟ." ಆಕಿ ಒಂದ ಗಳಿಗಿ ಸುಮ್ಮನಾಗಿ, "ಆ ಫೋನ್ ಕಿತ್ತು ವೈಫೈ ಬಂದ್ ಮಾಡ್ರಿ" ಅಂದ್ಲು. ಮಾಡಿದೆ. 900 ಹೋಗಿ 21 ಆತು.

ನೋಡ್ರಿ ಮತ್ತ. ಮಳಿಗಾಲ ಸುರು ಆದಾಗಿಂದ ನಾ ಪ್ರತಿ ಐತವಾರ ಮುಂಜಾನೆ ನಮ್ಮ ಭಜನಿ ಪೂರ್ತಿ ವಿಡಿಯೊ ಹಿಡೀತೀನಿ, ಬರಲಾರದವರಿಗೆ ಕಳಸಲಿಕ್ಕೆ. ಹತ್ತ ಜಿಬಿ ಆಗ್ತದ. ಫೋನ್ ಚಾರ್ಜಿಗೆ ಹಾಕಿದ ಕೂಡ್ಲೆ ಅದು ತಾನ ತಾನ ಬ್ಯಾಕಪ್ಪಿಗೆ ಏರಸ್ಲಿಕ್ಕೆ ಹತ್ತಿರ್ತದ. ನಮ್ಮ ಲೈನಿನಾಗ ಇಳಿಯೋದು 100, ಏರೋದು ಬರೇ 10. ಹತ್ತ ಜಿಬಿ ಏರಲಿಕ್ಕೆ ಎರಡ ತಾಸಿನ ಮ್ಯಾಲೆ ಬೇಕು. ಸಣ್ಣ ಮೋರಿಗೆ ನಾ ಹಂಡೆಗಟ್ಟಲೆ ನೀರ ಸುರವಿದ್ದೆ, ಅದರ ಹಿಂದ ಸಣ್ಣಾಂವನ ಒಂದೊಂದ ಹನಿ ಅಪ್ಪಣಿ ಪಾಳಿ ಹಚ್ಚಿ ನಿಂತಿದ್ವು. ಎರಡ ತಾಸು, ಅವರ ಆಟದ್ದೂ ಅಷ್ಟ ಹೊತ್ತು.

ವೈರ್ ಕಿತ್ತಾಕಿ ನಾನು, "ನಾಕ ದಿನಾ ಬಿಟ್ಟರ ಏನಾಗ್ತದೋ" ಅಂತ ಅವಗ ಬೈದಾಕಿನೂ ನಾನ.

ದೊಡ್ಡಾಂವಗ ಅವತ್ತ ರಾತ್ರಿನ ಫೋನ್ ಹಚ್ಚಿ ಎಲ್ಲಾ ಹೇಳಿದೆ. ಭಾಳ ಹೊತ್ತು ಏನೂ ಅನಲಿಲ್ಲ. ಕಡೀಕೆ "ಫೋನ್ ಅವಗ ಕೊಡು" ಅಂದ. ಕೊಟ್ಟು ಅಡಗಿಮನಿಗೆ ಬಂದೆ, ಏನ ಮಾತಾಡಿದ್ರೋ ಕೇಳಲಿಲ್ಲ. ತಪ್ಪಾತು ಅಂದ್ನೋ ಇಲ್ಲೋ, ಅದು ಅವರಿಬ್ಬರ ವಿಷಯ. ಆದ್ರ ಒಂದ ಮಾತ ಅಂತೀನಿ: ನಮ್ಮ ಸಣ್ಣಾಂವ ನಾಕೂ ವಾರ ಒಮ್ಮೆನೂ ಬಿಟ್ಟು ಹೋಗಿರಲಿಲ್ಲ, ಹೊರಗ ಬಿದ್ದಾಗೆಲ್ಲಾ ಮತ್ತ ಸೇರಲಿಕ್ಕೆ ಒದ್ದಾಡ್ತಿದ್ದ. ಅದನ್ನ ನಾ ಹಿಂದ ನಿಂತು ಕಣ್ಣಾರೆ ನೋಡಿದ್ದೆ. ನೋಡಿದಾಕಿ ಅಣ್ಣ ಹಂಗ ಅಂದಾಗ ಒಂದ ಮಾತ ಹೇಳಬೇಕಿತ್ತು, ಹೇಳಲಿಲ್ಲ. ಅದು ನನಗ ಕಪಾಟಿಗಿಂತ, ವಿಡಿಯೊಕ್ಕಿಂತ ಹೆಚ್ಚು ಚುಚ್ತದ.

ಈಗ ಬ್ಯಾಕಪ್ ತಾನ ತಾನ ಆಗೋದನ್ನ ಬಂದ್ ಇಟ್ಟೀನಿ. ಐತವಾರ ಒಂಬತ್ತರ ಮ್ಯಾಲೆ ಆಟ ಮುಗಿಯೋತನಕ ನನ್ನ ಫೋನ್ ವೈಫೈಗೆ ಇರೂದಿಲ್ಲ. ಭಜನಿ ವಿಡಿಯೊ ಸೋಮವಾರ ಮಧ್ಯಾಹ್ನ ಊಟಾದ ಮ್ಯಾಲೆ ಬರ್ತದ, ಐತವಾರ ರಾತ್ರಿನ ಫೋನ್ ಮಾಡಿ "ಇನ್ನೂ ಬರಲಿಲ್ಲಲ್ಲರಿ" ಅಂತ ಯಾರೂ ಕೇಳಬ್ಯಾಡ್ರಿ.