ಮೊದಲು ಕೇಳಲಿ, ಆಮೇಲೆ ನಿರ್ಧರಿಸಲಿ

ಸರಕಾರಿ ಮೊಹರಿನ ಲಕೋಟೆ ಮನೆಗೆ ಬಂದರೆ ಅದನ್ನು ಒಡೆದು ಓದುವ ಬದಲು ಕಪಾಟಿನಲ್ಲಿಟ್ಟು ಸುಮ್ಮನಾಗುವವರು ನಮ್ಮಲ್ಲಿ ಬಹಳ. ಕೆ.ಬಿ. ಬಡಾವಣೆಯಂತಹ ಕಡೆ ಅಣ್ಣತಮ್ಮಂದಿರಲ್ಲಿ ಪಾಲಾದ ನಿವೇಶನಗಳುಂಟು, ಮಕ್ಕಳ ಮದುವೆಗೆಂದು ಏರಿಸಿದ ಮಹಡಿಗಳುಂಟು. ನಕ್ಷೆಗೆ ವಿರುದ್ಧವಾಗಿ ಕಟ್ಟಿದ್ದೀರಿ, ಕಾರಣ ತಿಳಿಸಿ ಎಂದು ಪಾಲಿಕೆಯವರು ಬರೆದರೆ ಆ ಕಾಗದವನ್ನು ನಾವು ಬೆದರಿಕೆಯೆಂದು ಭಾವಿಸುತ್ತೇವೆ. ವಾಸ್ತವವಾಗಿ ಅದು ನಮ್ಮ ಮಾತನ್ನು ಹೇಳಿಕೊಳ್ಳಲು ಕಾನೂನು ತೆರೆದಿಟ್ಟ ಬಾಗಿಲು.

ಕೇಳದೆ ನಿರ್ಧರಿಸಿದರೆ ಏನಾಗುವುದೆಂಬುದಕ್ಕೆ ಕರ್ನಾಟಕದಲ್ಲಿಯೇ ಒಂದು ದೊಡ್ಡ ನಿದರ್ಶನವಿದೆ. 1989ರ ಏಪ್ರಿಲ್‌ನಲ್ಲಿ ಎಸ್.ಆರ್. ಬೊಮ್ಮಾಯಿಯವರು ಮುಖ್ಯಮಂತ್ರಿಗಳು. 19 ಶಾಸಕರು ಬೆಂಬಲ ಹಿಂತೆಗೆದುಕೊಂಡರೆಂಬ ಪತ್ರಗಳು ರಾಜ್ಯಪಾಲ ಪಿ. ವೆಂಕಟಸುಬ್ಬಯ್ಯನವರ ಕೈ ಸೇರಿದವು. 19ನೆಯ ತಾರೀಖು ಅವರು ರಾಷ್ಟ್ರಪತಿಗಳಿಗೆ ವರದಿ ಕಳಿಸಿದರು. ಮರುದಿನವೇ ಆ ಪೈಕಿ 7 ಮಂದಿ, ತಪ್ಪು ತಿಳಿವಳಿಕೆ ಕೊಟ್ಟು ತಮ್ಮ ಸಹಿ ಪಡೆಯಲಾಗಿದೆಯೆಂದು ಬರೆದುಕೊಟ್ಟರು. ಬೊಮ್ಮಾಯಿಯವರು ವಿಧಾನಸಭೆಯಲ್ಲಿ ಬಹುಮತ ತೋರಿಸಲು ಸಿದ್ಧರಿದ್ದರು. ಬೇಕಾದರೆ ಅಧಿವೇಶನವನ್ನು ಮುಂಚೆಯೇ ಕರೆಯೋಣವೆಂದೂ ತಿಳಿಸಿದ್ದರು. 21ರಂದು ರಾಷ್ಟ್ರಪತಿ ಆಳ್ವಿಕೆ ಜಾರಿಯಾಯಿತು.

1994ರ ಮಾರ್ಚ್ 11ರಂದು ಸರ್ವೋಚ್ಚ ನ್ಯಾಯಾಲಯದ 9 ನ್ಯಾಯಮೂರ್ತಿಗಳ ಪೀಠದ ತೀರ್ಪು ಹೊರಬಿದ್ದಿತು. ಬಹುಮತದ ಪರೀಕ್ಷೆ ಸದನದಲ್ಲಿ ನಡೆಯಬೇಕೇ ಹೊರತು ರಾಜ್ಯಪಾಲರ ಮನಸ್ಸಿನಲ್ಲಲ್ಲ ಎಂಬುದು ಅದರ ತಿರುಳು. ಪತ್ರಗಳು ಬಂದ ಮೇಲೆ, ವರದಿ ಕಳಿಸುವ ಮುನ್ನ, ರಾಜ್ಯಪಾಲರು ಬೊಮ್ಮಾಯಿಯವರ ಅಭಿಪ್ರಾಯವನ್ನೇ ಕೇಳಲಿಲ್ಲವೆಂಬುದನ್ನು ನ್ಯಾಯಮೂರ್ತಿ ಪಿ.ಬಿ. ಸಾವಂತರು ಎತ್ತಿ ತೋರಿಸಿದರು. ಆದರೇನು? ಅಷ್ಟರಲ್ಲಿ ಚುನಾವಣೆ ನಡೆದು ಬೇರೆ ವಿಧಾನಸಭೆ ಬಂದಿತ್ತು. ತೀರ್ಪು ಬಂದಿತು, ಹೋದ ಸರಕಾರ ಬರಲಿಲ್ಲ.

ಅದು ಸಂವಿಧಾನದ 356ನೆಯ ವಿಧಿಯ ಪ್ರಶ್ನೆ. ಮನೆಯ ಮಹಡಿಯ ಪ್ರಶ್ನೆಗೆ ಬೇರೆಯೇ ಕಾನೂನು ಇದೆಯೆಂಬುದು ನಿಜ. ಆದರೆ ಸಾಮಾನ್ಯರ ವಿಷಯದಲ್ಲಿ ನ್ಯಾಯಾಲಯ ಇನ್ನೂ ಮೊದಲೇ ಮಾತನಾಡಿತ್ತು. ಒರಿಸ್ಸಾದ ವೈದ್ಯೆಯೊಬ್ಬರ ಜನ್ಮದಿನಾಂಕವನ್ನು ಸರಕಾರ ತಾನೇ ತಿದ್ದಿ ಅವರನ್ನು ನಿವೃತ್ತಿಗೊಳಿಸಿದಾಗ, ಆಡಳಿತಾತ್ಮಕ ಆದೇಶವಾದರೂ ಸಂಬಂಧಪಟ್ಟವರ ಮಾತು ಕೇಳಲೇಬೇಕೆಂದು 1967ರಲ್ಲಿ ತೀರ್ಪಾಯಿತು. ‘ಕೇಳಿದ್ದರೂ ನಿರ್ಧಾರ ಇದೇ ಆಗುತ್ತಿತ್ತು’ ಎಂಬ ಕಚೇರಿಗಳ ನೆಪವೂ ಉಳಿಯಲಿಲ್ಲ. ನವದೆಹಲಿ ಪುರಸಭಾ ಸಮಿತಿಯನ್ನು ರದ್ದುಗೊಳಿಸಿದ ಪ್ರಕರಣದಲ್ಲಿ, ಕೇಳದಿರುವುದೇ ಒಂದು ಅನ್ಯಾಯ, ಬೇರೆ ನಷ್ಟವನ್ನು ರುಜುವಾತು ಮಾಡಬೇಕಿಲ್ಲವೆಂದು 1980ರಲ್ಲಿ ನ್ಯಾಯಾಲಯ ಹೇಳಿತು.

ಇನ್ನು ನಮ್ಮ ಊರಿನ ಮಾತು. 2007ರಲ್ಲಿ ದಾವಣಗೆರೆ ಮಹಾನಗರ ಪಾಲಿಕೆಯಾದ ಮೇಲೆ ನಮಗೆ 1976ರ ಕರ್ನಾಟಕ ಪೌರನಿಗಮಗಳ ಅಧಿನಿಯಮ ಅನ್ವಯಿಸುತ್ತದೆ. ಅದರ 321ನೆಯ ಪ್ರಕರಣದಂತೆ ಆಯುಕ್ತರು ಮೊದಲು ತಾತ್ಕಾಲಿಕ ಆದೇಶ ಮಾಡಿ, ಅದನ್ನೇಕೆ ಸ್ಥಿರಪಡಿಸಬಾರದೆಂದು ಮಾಲೀಕರನ್ನು ಕೇಳಬೇಕು. ಆನಂತರವೇ ಅಂತಿಮ ಆದೇಶ. 2024ರ ನವೆಂಬರ್ 13ರಂದು ಸರ್ವೋಚ್ಚ ನ್ಯಾಯಾಲಯ ಇಡೀ ದೇಶಕ್ಕೆ ಸೂಚನೆಗಳನ್ನು ಕೊಟ್ಟಿತು. ಕಟ್ಟಡ ಕೆಡವುವ ಮುನ್ನ 15 ದಿನಗಳಾದರೂ ಅವಕಾಶವಿರುವ ನೋಟಿಸು ರಿಜಿಸ್ಟರ್ಡ್ ಅಂಚೆಯಲ್ಲಿ ಬರಬೇಕು, ಗೋಡೆಗೂ ಅಂಟಿಸಬೇಕು. ಮಾಲೀಕರನ್ನು ಖುದ್ದಾಗಿ ವಿಚಾರಿಸಿ ಆ ನಡಾವಳಿಯನ್ನು ಬರೆದಿಡಬೇಕು. ಅಂತಿಮ ಆದೇಶವಾದ ಮೇಲೂ 15 ದಿನ ಕಾಯಬೇಕು.

ಆದ್ದರಿಂದ ನೋಟಿಸು ಹಿಡಿದು ಪುಢಾರಿಗಳ ಮನೆಯ ಮೆಟ್ಟಿಲು ಹತ್ತುವುದನ್ನು ಬಿಟ್ಟು, ಅವಧಿಯೊಳಗೆ ಲಿಖಿತ ಉತ್ತರ ಕೊಡಿ. ಖಾತೆ, ನಕ್ಷೆ, ಕಂದಾಯದ ರಸೀದಿಗಳ ಪ್ರತಿ ಲಗತ್ತಿಸಿ. ಖುದ್ದು ವಿಚಾರಣೆ ಬೇಕೆಂದು ಅದರಲ್ಲಿಯೇ ಬರೆದು, ನಿಮ್ಮ ಪ್ರತಿಯ ಮೇಲೆ ತಾರೀಖು ಸಹಿತ ಮೊಹರು ಹಾಕಿಸಿಕೊಳ್ಳಿ. ಯಜಮಾನರು ಊರಲ್ಲಿಲ್ಲವೆಂದು ತಾಯಂದಿರು ನೋಟಿಸನ್ನು ಹಿಂದಿರುಗಿಸಬಾರದು. ಪಡೆದ ದಿನವನ್ನು ಲಕೋಟೆಯ ಮೇಲೆ ಬರೆದಿಟ್ಟರೆ ಸಾಕು. ಅಂದಹಾಗೆ ರಸ್ತೆ, ಪಾದಚಾರಿ ಮಾರ್ಗ, ನದಿ, ಕೆರೆಗಳ ಒತ್ತುವರಿಗೆ 2024ರ ಸೂಚನೆಗಳ ರಕ್ಷಣೆ ಇಲ್ಲ. ಪಾದಚಾರಿ ಮಾರ್ಗದ ಮೇಲೆ ಮನೆಯ ಮೆಟ್ಟಿಲು ಇಳಿಸಿರುವ ಬಂಧುಗಳು ಇದನ್ನು ಗಮನಿಸಬೇಕು.